ರುವಾನ್ ಲಿಂಗ್‌ಯುವನ್ನು ನೋಡಲು ಕೂರುವ ಮೊದಲು

ಗುಬ್ಬಿ ತಾಲ್ಲೂಕಿನ ನಮ್ಮೂರಲ್ಲಿ 18 ವರ್ಷದಿಂದ ಕುರುಕ್ಷೇತ್ರ ನಾಟಕದ ದುರ್ಯೋಧನ ನಾನೇ. ಕಂದಪದ್ಯ ಎತ್ತಿದರೆ ಹಿಂದೆ ಕಂಬಳಿ ಹೊದ್ದು ಮಲಗಿದವನೂ ಎದ್ದು ಕೂರಬೇಕು, ನಟನೆ ಅಂದರೆ ಅಷ್ಟೇ ಅಂದುಕೊಂಡಿದ್ದೆ. ಹೋದ ವರ್ಷ ಮಗಳು ಶಾಂಘೈನ ಈ ಮೂಕಿ ಚಿತ್ರಗಳ ನಟಿಯನ್ನು ತೋರಿಸಿದಳು. ನೀವೂ ನೋಡುವುದಾದರೆ ಹೀಗೆ ಮಾಡಿ.

ಮೊದಲು 1934ರ ‘ಶೆನ್‌ನು’ ಹಾಕಿ. ದೇವತೆ ಎಂದೂ ಅರ್ಥ, ವೇಶ್ಯೆ ಎಂದೂ ಅರ್ಥ. ವು ಯೊಂಗ್‌ಗಾಂಗ್ ನಿರ್ದೇಶಿಸಿದ ಮೊದಲ ಚಿತ್ರ. ಅದೇ ವರ್ಷ ‘ಸತಿ ಸುಲೋಚನಾ’ದಲ್ಲಿ ನಮ್ಮ ಸಿನಿಮಾ ಮಾತು ಕಲಿತಿತ್ತು ನೋಡಿ.

ಸೌಂಡ್ ಬಂದ್ ಮಾಡಿ. ಆಮೇಲೆ ಸೇರಿಸಿದ ಪಿಯಾನೊ ಎಲ್ಲಿ ಅಳಬೇಕೆಂದು ಮೊದಲೇ ಹೇಳಿಬಿಡುತ್ತದೆ. ನಮ್ಮನೆಯಲ್ಲಿ ಇದು ಗೊತ್ತಾಗಿದ್ದು ಭಾಮೈದನಿಂದ: ಪಿಯಾನೊ ಮಾತ್ರ ಕೇಳಿ, ಮಾತು ಬರದೆ, “ಭಾವ, ಸ್ಪೀಕರ್ ಹೋಗಿದೆ” ಅಂತ ವೈರನ್ನೇ ಕಿತ್ತ.

ಒಮ್ಮೆ ಕತೆಗಾಗಿ ನೋಡಿ. ಎರಡನೇ ಸಲ ಒಂದೇ ದೃಶ್ಯ ಹಿಡಿಯಿರಿ. ಪೊಲೀಸಿನವನಿಂದ ತಪ್ಪಿಸಿಕೊಂಡು ಅವಳು ಒಬ್ಬ ರೌಡಿಯ ಕೋಣೆಗೆ ನುಗ್ಗುತ್ತಾಳೆ. ಪೊಲೀಸಿನವನು ಹೋದ, ಇವನು ಬಿಡುವವನಲ್ಲ. ಅಳು ಇಲ್ಲ, ಎದೆ ಬಡಿದುಕೊಳ್ಳುವುದಿಲ್ಲ. ಮೇಜಿನ ಮೇಲೆ ಹತ್ತಿ ಕೂತು ಸಿಗರೇಟು ಕೇಳುತ್ತಾಳೆ, ಕಾಲ ಮೇಲೆ ಕಾಲು ಹಾಕುತ್ತಾಳೆ. ಮುಖ ಬಿಟ್ಟು ಭುಜ, ಕೈ, ಕಾಲು ನೋಡಿ. ಆಮೇಲೆ ಬಾಗಿಲು ಹಾಕಿಕೊಂಡು ನೀವೇ ಹಾಗೆ ಕೂತು ನೋಡಿ. ನನ್ನ ಕೈ ಸಿಗರೇಟು ಹಿಡಿದದ್ದು ಗದೆ ಹಿಡಿದ ಹಾಗಿತ್ತು.

ಉಳಿದದ್ದಕ್ಕೆ ವರ್ಷದ ಲೆಕ್ಕ ಇಟ್ಟುಕೊಳ್ಳಿ. 1926ರಲ್ಲಿ, 16ರ ವಯಸ್ಸಿಗೆ, ಮಿಂಗ್‌ಶಿಂಗ್ ಕಂಪನಿ ಸೇರಿದಳು. ಆ ಕಾಲದ ಚಿತ್ರಗಳಲ್ಲಿ ಹೆಚ್ಚಿನವು ಉಳಿದಿಲ್ಲ. 1930ರ ನಂತರ ಲಿಯಾನ್‌ಹುವಾ ಕಂಪನಿಯಲ್ಲಿ ಹೆಸರಾದಳು. ಸುನ್ ಯು ನಿರ್ದೇಶಿಸಿದ 1933ರ ‘ಶಿಯಾವೊ ವಾನ್‌ಯಿ’ಯಲ್ಲಿ ಹಳ್ಳಿಯ ಆಟಿಕೆ ಮಾಡುವ ಹೆಂಗಸಾಗಿ, ಎಲ್ಲವನ್ನೂ ಕಳೆದುಕೊಂಡು ಹುಚ್ಚಿಯಾಗುವವರೆಗೆ ಚಿತ್ರವನ್ನು ಹೊತ್ತಿದ್ದಾಳೆ. ‘ಶೆನ್‌ನು’ ಆದ ಮೇಲೆ ಅದನ್ನೇ ನೋಡಿ.

1935ರ ‘ಶಿನ್ ನ್ಯುಶಿಂಗ್’ ಕೊನೆಗಿರಲಿ. ಪತ್ರಿಕೆಗಳ ಕಾಟಕ್ಕೆ ಸಿಕ್ಕ ಹೆಂಗಸಿನ ಕತೆ; ಆ ವರ್ಷವೇ ಮಾರ್ಚ್ 8ರಂದು ರುವಾನ್ ಆತ್ಮಹತ್ಯೆ ಮಾಡಿಕೊಂಡಳು, ವಯಸ್ಸು 24. ಅವಳನ್ನೂ ಪತ್ರಿಕೆಗಳು ಕಾಡಿದ್ದವು. ಸಾವಿನಿಂದ ಶುರು ಮಾಡಿದರೆ ಪ್ರತಿ ನಗುವಿನಲ್ಲೂ ಸಾವೇ ಕಾಣುತ್ತದೆ, ಕೆಲಸ ಕಾಣುವುದಿಲ್ಲ.

ಈ ಸಲ ಪ್ರಾಕ್ಟೀಸಿನಲ್ಲಿ, ಸರೋವರದ ಸೀನಿಗೆ, ಕಂದಕ್ಕೆ ಮೊದಲು ಸುಮ್ಮನೆ ನಿಂತು ಭುಜ ಇಳಿಬಿಟ್ಟೆ. ಹಾರ್ಮೋನಿಯಂ ಮೇಷ್ಟ್ರು ಮರೆತುಬಿಟ್ಟೆನೆಂದುಕೊಂಡು ಮೊದಲ ಪದ ಎತ್ತಿಕೊಟ್ಟರು.