ವಾರಸಾ ಅರ್ಜಿಗಾಗಿ ಹೈಕೋರ್ಟಿಗೆ ಹೋದದ್ದು: ನನ್ನ ಅನುಭವ

ಅಪ್ಪನ ಹೆಸರಿನಲ್ಲಿದ್ದ ಹೊಲಕ್ಕೆ ವಾರಸಾ, ಅಂದರೆ ಪೌತಿ ಖಾತೆ (ತೀರಿಹೋದವರ ಜಮೀನಿನ ದಾಖಲೆಯಲ್ಲಿ ವಾರಸುದಾರರ ಹೆಸರು ಏರಿಸುವುದು) ಮಾಡಿಕೊಡಿ ಎಂದು ಅರ್ಜಿ ಕೊಟ್ಟಿದ್ದೆ. ಮರಣ ಪ್ರಮಾಣಪತ್ರ, ವಂಶವೃಕ್ಷ, ಉತಾರ (ಪಹಣಿ) ಎಲ್ಲವೂ ಇತ್ತು. ಯಾರದೂ ತಕರಾರಿಲ್ಲ. ಆದರೂ ಫೈಲು ಅಲುಗಾಡಲಿಲ್ಲ. ತಲಾಠಿಯನ್ನು (ಊರಿನ ಕಂದಾಯ ನೌಕರ) ಕೇಳಿದರೆ ಆರ್‌ಐ (ಕಂದಾಯ ನಿರೀಕ್ಷಕರು) ಕಡೆ ಕೈ ತೋರಿಸುತ್ತಿದ್ದರು, ಆರ್‌ಐ ಸರ್ವರ್ ಕಡೆ.

"ಆಗಲ್ಲ" ಎಂದು ಬರೆದುಕೊಟ್ಟಿದ್ದರೆ ಎಷ್ಟೋ ವಾಸಿ. ಭೂ ಕಂದಾಯ ಕಾಯ್ದೆ 1964ರ ಕಲಂ 136(2)ರಲ್ಲಿ ಎಸಿಯವರಿಗೆ (ಉಪವಿಭಾಗಾಧಿಕಾರಿ) ಮೇಲ್ಮನವಿ ಹಾಕಬಹುದಿತ್ತು. ಆದೇಶವೇ ಇಲ್ಲದಿದ್ದರೆ ಮೇಲ್ಮನವಿ ಯಾವುದರ ಮೇಲೆ? ಸರ್ಕಾರಿ ಸೇವೆ ನಿಗದಿತ ದಿನದೊಳಗೆ ಕೊಡಬೇಕೆನ್ನುವ 'ಸಕಾಲ' ಕಾಯ್ದೆಯಲ್ಲಿ ತಡವಾದರೆ ಪರಿಹಾರ ಉಂಟು. ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500. ಅದಕ್ಕೆ ಯಾರು ಹೆದರುತ್ತಾರೆ?

ಉಳಿದದ್ದು ಸಂವಿಧಾನದ 226ನೇ ವಿಧಿ, ಅಂದರೆ ನೇರ ಹೈಕೋರ್ಟಿಗೆ ರಿಟ್ ಅರ್ಜಿ. ಹೈಕೋರ್ಟಿನ ಧಾರವಾಡ ಪೀಠದಲ್ಲಿ ಹಾಕೋಣ ಎಂದೆ. ವಕೀಲರು ಮೊದಲು ಕೇಳಿದ್ದು ಸ್ವೀಕೃತಿ. ಅರ್ಜಿಯ ಪ್ರತಿ ಮೇಲೆ ಟಪಾಲು ವಿಭಾಗದ ಸೀಲು, ತಾರೀಖು ಇತ್ತು. ಅಷ್ಟು ಸಾಲದು ಎಂದರು. ಕೇಳಿದರೂ ಅಧಿಕಾರಿ ಸುಮ್ಮನಿದ್ದಾರೆ ಎಂದು ತೋರಿಸಬೇಕು, ಆಗಲೇ ಮ್ಯಾಂಡಮಸ್‌ಗೆ (ನಿನ್ನ ಕೆಲಸ ಮಾಡು ಎಂದು ಕೋರ್ಟು ಅಧಿಕಾರಿಗೆ ಕೊಡುವ ಆಜ್ಞೆ) ಬಲ. ಅದಕ್ಕೇ ಹಳೆಯ ಅರ್ಜಿಯ ನಂಬರು ಹಾಕಿ ತಹಶೀಲ್ದಾರರಿಗೆ ಹೊಸದಾಗಿ ಒಂದು ಮನವಿ ಬರೆದೆ. ಒಂದೇ ಪುಟ. ರಿಜಿಸ್ಟರ್ ಅಂಚೆಯಲ್ಲಿ ಕಳಿಸಿ ರಸೀದಿ ಇಟ್ಟುಕೊಂಡೆ. ಕಾಯ್ದೆವು, ಉತ್ತರ ಬರಲಿಲ್ಲ.

ರಿಟ್‌ನಲ್ಲಿ ಏನು ಕೇಳುತ್ತೀರಿ ಅನ್ನೋದೇ ಮುಖ್ಯ. "ನನ್ನ ಹೆಸರಿಗೆ ಖಾತೆ ಮಾಡಿಸಿಕೊಡಿ" ಎಂದು ಬರೆಸಬೇಕು ಎಂದಿದ್ದೆ. ವಕೀಲರು ಒಪ್ಪಲಿಲ್ಲ. ಖಾತೆ ಕೊಡೋದು ಬಿಡೋದು ತಹಶೀಲ್ದಾರರ ಕೆಲಸ, ಅದನ್ನು ಕೋರ್ಟು ತನ್ನ ಕೈಗೆ ತಗೊಳ್ಳಲ್ಲ. "ಅರ್ಜಿಯನ್ನು ಕಾನೂನು ಪ್ರಕಾರ ಪರಿಗಣಿಸಿ ಇಂತಿಷ್ಟು ದಿನದೊಳಗೆ ಇತ್ಯರ್ಥ ಮಾಡಲು ನಿರ್ದೇಶಿಸಿ" ಎಂದಷ್ಟೇ ಕೇಳಿದೆವು. ಸರ್ಕಾರಿ ವಕೀಲರು ಕಚೇರಿಯ ಪರವಾಗಿ ನೋಟಿಸ್ ತಗೊಂಡರು. ವಾದ ಚಹಾ ಕುಡಿಯುವಷ್ಟು ಹೊತ್ತೂ ನಡೆಯಲಿಲ್ಲ. ಎಂಟು ವಾರದೊಳಗೆ ತೀರ್ಮಾನಿಸಿ ಎಂದು ಆದೇಶವಾಯಿತು.

ಆ ಎಂಟು ವಾರ ಶುರುವಾಗೋದು ಆದೇಶದ ಪ್ರತಿ ಕಚೇರಿಗೆ ತಲುಪಿದ ದಿನದಿಂದ. ಕೋರ್ಟೇ ಕಳಿಸುತ್ತೆ ಎಂದು ಕೂತರೆ ಕೆಟ್ಟಿರಿ. ದೃಢೀಕೃತ ಪ್ರತಿ ಪಡೆದು, ಒಂದು ಪತ್ರ ಲಗತ್ತಿಸಿ, ನಾನೇ ಕೊಟ್ಟು ಬಂದೆ. ಮತ್ತೆ ಅದೇ ಸೀಲು, ತಾರೀಖು. ಸ್ವಲ್ಪ ದಿನಕ್ಕೇ ಆಕ್ಷೇಪಣೆ ಕರೆಯುವ ನೋಟಿಸು ಊರಿನ ಚಾವಡಿಗೆ ಅಂಟಿತು. ಆಮೇಲೆ ಉತಾರದಲ್ಲಿ ಹೆಸರೂ ಏರಿತು. ಏರದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬೇಕಿತ್ತು, ಅದಕ್ಕೆ ಒಂದು ವರ್ಷದ ಗಡುವು.

ಅಣ್ಣತಮ್ಮಂದಿರ ತಕರಾರು ಇರೋರಿಗೆ ಮಾತ್ರ ಈ ದಾರಿ ಜಾಸ್ತಿ ದೂರ ಒಯ್ಯಲ್ಲ. ತಹಶೀಲ್ದಾರರು "ಪರಿಗಣಿಸಿ" ಅರ್ಜಿ ವಜಾ ಮಾಡಿದರೂ ಕೋರ್ಟಿನ ಆದೇಶ ಪಾಲಿಸಿದಂತೆಯೇ. ಆಗ ಎಸಿ ಮುಂದೆ ಮೇಲ್ಮನವಿ. ಜಮೀನು ಯಾರದು ಅನ್ನೋದೇ ಜಗಳವಾದರೆ ಸಿವಿಲ್ ಕೋರ್ಟಿನಲ್ಲಿ ದಾವೆ.