ಕನಸೂರಿನ ಆಕಾಶಕ್ಕೆ ಬಿರುಕು ಬಿಡಿಸಿದ್ದು ಹೀಗೆ

ರಂಗದ ಮೇಲೆ ಆಕಾಶ ಬಿರುಕು ಬಿಡುವುದನ್ನು ತೋರಿಸೋಕೆ ಆಗಲ್ಲ ಅಂದವರೇ ಜಾಸ್ತಿ. ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮ ತಂಡದ ಹೊಸ ನಾಟಕ ನಡೆಯುವುದು ಕನಸೂರು ಅನ್ನೋ ಊರಲ್ಲಿ. ಆ ಊರಿನವರೆಲ್ಲ ಯಾರೋ ಒಬ್ಬ ಕಾಣುತ್ತಿರುವ ಕನಸಿನೊಳಗೆ ಬದುಕುತ್ತಿದ್ದಾರೆ, ಅದು ಅವರಿಗೆ ಗೊತ್ತಿಲ್ಲ. ಎರಡನೇ ಅಂಕದಲ್ಲಿ ಊರಬಾವಿಯ ಹಿಂದೆ ಆಕಾಶ ಬಿರುಕು ಬಿಡುತ್ತದೆ. ಅದರಾಚೆ ಒಂದು ಸೀಲಿಂಗ್ ಫ್ಯಾನ್ ನಿಧಾನವಾಗಿ ತಿರುಗುತ್ತಿರುತ್ತದೆ, ಮಲಗಿರುವವನ ಕೋಣೆಯ ಫ್ಯಾನ್. ಆ ಬಿರುಕನ್ನು ಜನ ನಂಬದಿದ್ದರೆ ನಾಟಕವೇ ಇಲ್ಲ.

ಎಲ್‌ಇಡಿ ವಾಲ್ ಹಾಕಿಸು, ವಿಡಿಯೋ ಬಿಡು, ಮುಗೀತು ಅಂದರು. ತುಮಕೂರಿನಲ್ಲಿ ಒಂದು ದಿನದ ಬಾಡಿಗೆ ವಿಚಾರಿಸಿದೆ, 25 ಸಾವಿರದ ಆಸುಪಾಸು ಹೇಳಿದರು. ನಮ್ಮ ನಾಟಕದ ಒಟ್ಟು ಖರ್ಚೇ 40 ಸಾವಿರ ಇದ್ದಿರಬಹುದು. ದುಡ್ಡಿದ್ದರೂ ಹಾಕಿಸುತ್ತಿರಲಿಲ್ಲ. ಪಾತ್ರಧಾರಿ ಆ ಬಿರುಕಿನೊಳಗೆ ಕೈ ಹಾಕಬೇಕು, ಮೊಣಕೈವರೆಗೆ ಕೈ ಮಾಯವಾಗಬೇಕು. ಅದು ವಿಡಿಯೋದಿಂದ ಆಗುವ ಕೆಲಸವಾ? 1884ರಲ್ಲಿ ಹುಟ್ಟಿ, ಮುಂದೆ ವೀರಣ್ಣನವರ ಕಾಲದಲ್ಲಿ ಆನೆ ಕುದುರೆಗಳನ್ನೇ ರಂಗಕ್ಕೆ ತಂದ ಗುಬ್ಬಿ ಕಂಪನಿಯ ಜಿಲ್ಲೆ ಇದು. ಇಲ್ಲಿದ್ದುಕೊಂಡು ಪರದೆ ಮೇಲೆ ಚಿತ್ರ ಬಿಟ್ಟು ಸುಮ್ಮನಾಗೋಕೆ ನನಗೆ ಮನಸ್ಸಾಗಲಿಲ್ಲ.

ಮೊದಲು ಕಾಟನ್ ಪರದೆ ಹರಿದು ನೋಡಿದೆವು. ನೇಯ್ದ ಬಟ್ಟೆ ಎಳೆ ಹಿಡಿದು ನೆಟ್ಟಗೆ ಹರಿಯುತ್ತದೆ, ಅಂಚಲ್ಲಿ ನೂಲು ಜೋತು ಬೀಳುತ್ತದೆ. ಕಪ್ಪು ಬಣ್ಣ ಹೊಡೆದರೂ ಹರಿದ ಬೆಡ್‌ಶೀಟೇ. ಮೇಲಾಗಿ ಪ್ರತಿ ರಿಹರ್ಸಲ್‌ಗೂ ಹೊಸ ಬಟ್ಟೆ ಬೇಕು.

ಆಮೇಲೆ 1862ರಲ್ಲಿ ಲಂಡನ್ನಿನಲ್ಲಿ ಪೆಪ್ಪರ್ ತೋರಿಸಿದ ಗಾಜಿನ ಭೂತ: ಅಡಗಿಸಿಟ್ಟ ವಸ್ತುವಿನ ಪ್ರತಿಬಿಂಬವನ್ನು ಓರೆಯಾಗಿ ನಿಲ್ಲಿಸಿದ ಗಾಜಿನಲ್ಲಿ ಮೂಡಿಸಿ, ಅದು ರಂಗದ ಮೇಲೇ ಇದ್ದಂತೆ ತೋರಿಸುವ ತಂತ್ರ. ಅಷ್ಟು ದೊಡ್ಡ ಗಾಜು ಎಲ್ಲಿಂದ ತರೋದು? ಪಾಲಿಯೆಸ್ಟರ್ ಫಿಲ್ಮ್ ತಂದು 45 ಡಿಗ್ರಿಗೆ ಬಿಗಿದೆ. ನಡುವಿನ ಸಾಲಿನಲ್ಲಿ ಕೂತರೆ ಅದ್ಭುತ. ಪಕ್ಕದ ಕುರ್ಚಿಯಿಂದ ನೋಡಿದರೆ ಅಡಗಿಸಿಟ್ಟ ಲೈಟೇ ಕಾಣುತ್ತದೆ. ಸಭಾಂಗಣದ ಫ್ಯಾನ್ ಹಾಕಿದ ಕೂಡಲೇ ಫಿಲ್ಮ್ ಅಲುಗಿ ಚಿತ್ರವೆಲ್ಲ ತೇಲಾಡಿತು. ಅದಕ್ಕೇ 3,500 ಹೋಯಿತು. ಆದರೆ ಆ ತೇಲಾಟ ಎಷ್ಟು ಚೆನ್ನಾಗಿತ್ತೆಂದರೆ ಮೊದಲ ಅಂಕದ ಕೆರೆಯ ದೃಶ್ಯಕ್ಕೆ ಅದನ್ನೇ ಉಳಿಸಿಕೊಂಡೆ.

ಡ್ರೈ ಐಸ್, ಅಂದರೆ ಗಟ್ಟಿಯಾಗಿಸಿದ ಇಂಗಾಲದ ಡೈಆಕ್ಸೈಡ್, ಅದೂ ಆಯಿತು. ಬಿರುಕಿನಿಂದ ಹೊಗೆ ಕೆಳಕ್ಕೆ ಸುರಿಯಬೇಕು ಅನ್ನೋ ಆಸೆ. ಫಾಗ್ ಮೆಷಿನ್ ಹೊಗೆ ಮೇಲಕ್ಕೇಳುತ್ತದೆ, ಡ್ರೈ ಐಸ್‌ನದು ನೆಲ ಹಿಡಿಯುತ್ತದೆ ಅಲ್ವಾ. ಬೆಂಗಳೂರಿಂದ ಕಾರಿನಲ್ಲಿ ಕಿಟಕಿ ತೆಗೆದಿಟ್ಟೇ ತಂದೆವು, ಮುಚ್ಚಿದ ಕಾರಿನಲ್ಲಿ ಆ ಗ್ಯಾಸ್ ಅಪಾಯ. ದೃಶ್ಯ ಬರುವ ಹೊತ್ತಿಗೆ ಡಬ್ಬದಲ್ಲಿ ಅರ್ಧವೂ ಉಳಿದಿರಲಿಲ್ಲ. ಸಾಗಾಟ ಸೇರಿ 2,000. ಕೈಬಿಟ್ಟೆ.

ಕೊನೆಗೆ ಕೆಲಸಕ್ಕೆ ಬಂದದ್ದು ಕಪ್ಪು ಲೈಕ್ರಾ. ಹಿಗ್ಗುವ, ಹೆಣೆದ ಬಟ್ಟೆ, ಕತ್ತರಿಸಿದರೆ ನೂಲು ಬಿಡುವುದಿಲ್ಲ, ಎಳೆದರೆ ಅಂಚು ತಾನಾಗಿಯೇ ಹಿಂದಕ್ಕೆ ಸುರುಳುತ್ತದೆ. ರೀಪರ್‌ನಲ್ಲಿ, ಅಂದರೆ ಮರದ ಪಟ್ಟಿಗಳಲ್ಲಿ, 8 ಅಡಿಗೆ 10 ಅಡಿ ಚೌಕಟ್ಟು ಹೊಡೆಸಿದೆ. ಒಂದು ಪಕ್ಕ ಗಟ್ಟಿ, ಇನ್ನೊಂದು ಪಕ್ಕ ಜಾರುತ್ತದೆ. ನಡುವೆ ಅಂಕುಡೊಂಕಾಗಿ ಸೀಳು. ಜಾರುವ ಕಡೆ ಎಳೆದರೆ ಸೀಳು ಕಣ್ಣಿನಂತೆ ಬಿಡುತ್ತದೆ, ಸಡಿಲ ಬಿಟ್ಟರೆ ಮುಚ್ಚಿಕೊಳ್ಳುತ್ತದೆ. ಮುಚ್ಚಿದಾಗ ಸೀಳು ಎಲ್ಲಿತ್ತು ಅಂತ ಮೊದಲ ಸಾಲಿಗೂ ಕಾಣಬಾರದು, ಅದಕ್ಕೆ ನಾನು ಮಾಡಿದ್ದನ್ನು ಇಲ್ಲಿ ಹೇಳುವುದಿಲ್ಲ.

ಎಲ್ಲರೂ ಬಿರುಕನ್ನು ಬೆಳಕಿನಿಂದ ಶುರು ಮಾಡುತ್ತಾರೆ. ನಾನು ಕತ್ತಲಿಂದ ಶುರು ಮಾಡಿದೆ. ಲೈಕ್ರಾದ ಹಿಂದೆ ಒಂದೂವರೆ ಅಡಿ ಆಳಕ್ಕೆ ವೆಲ್ವೆಟ್ ಹೊದಿಸಿದ ಪೆಟ್ಟಿಗೆ. ಅದರ ಹಿಂದೆ ಸೊಳ್ಳೆ ಪರದೆಯ ಬಟ್ಟೆ, ಅದಕ್ಕೂ ಹಿಂದೆ ಫ್ಯಾನ್. ಮೊದಲು ಕಾಣುವುದು ಆಕಾಶಕ್ಕಿಂತ ಕಪ್ಪಾದ ಒಂದು ಗೀಟು, ಅಷ್ಟೇ. ಕೈ ಹಾಕಿದರೆ ವೆಲ್ವೆಟ್ ನುಂಗಿಬಿಡುತ್ತದೆ. ಹಿಂದಿನ ಲೈಟನ್ನು ಡಿಮ್ಮರ್‌ನಲ್ಲಿ ತುಂಬಾ ನಿಧಾನ ಏರಿಸಿದಾಗ ಮಾತ್ರ ಸೊಳ್ಳೆ ಪರದೆ ಪಾರದರ್ಶಕವಾಗಿ ಫ್ಯಾನ್ ಮೂಡುತ್ತದೆ. ಅದನ್ನು ಕರೆಂಟಿನಲ್ಲಿ ತಿರುಗಿಸಿದರೆ ಗಾಳಿಗೆ ಪರದೆ ಅಲುಗುತ್ತಿತ್ತು. ಈಗ ಹಿಂದೆ ಒಬ್ಬ ಹುಡುಗ ಕೈಯಲ್ಲೇ ತಿರುಗಿಸುತ್ತಾನೆ, ಆ ನಿಧಾನಕ್ಕೇ ಅದು ನಮ್ಮ ಲೋಕದ್ದಲ್ಲ ಅನ್ನಿಸುತ್ತದೆ.

ಸೀಳಿನ ಅಂಚು ಹೊಳೆಯುವುದು ಅರಿಶಿನದಿಂದ. ಮನೆಯಲ್ಲಿ ಯುವಿ (ನೇರಳಾತೀತ ಬೆಳಕಿನ) ಟ್ಯೂಬ್ ಹಿಡಿದು ಸಿಕ್ಕಿದ್ದಕ್ಕೆಲ್ಲ ಬಿಟ್ಟು ನೋಡುತ್ತಿದ್ದೆ. ವಾಷಿಂಗ್ ಪೌಡರ್‌ನಲ್ಲಿ ಒಗೆದ ಬನಿಯನ್ ನೀಲಿಯಾಗಿ ಹೊಳೆಯುತ್ತದೆ, ಅರಿಶಿನ ಹಸಿರು ಮಿಶ್ರಿತ ಹಳದಿ. ಸ್ಪಿರಿಟ್‌ನಲ್ಲಿ ಅರಿಶಿನ ನೆನೆಸಿ ಸೋಸಿ ಲೈಕ್ರಾಕ್ಕೆ ಬಳಿದೆ, ಏನೂ ಇಲ್ಲ. ಕಪ್ಪು ಬಣ್ಣ ಎಲ್ಲವನ್ನೂ ತಿನ್ನುತ್ತದೆ. ಬಿಳಿ ದಾರಕ್ಕೆ ಬಣ್ಣ ಕಟ್ಟಿ ಅಂಚಿಗೆ ಹೊಲಿದ ಮೇಲೆ ಹೊತ್ತಿಕೊಂಡಿತು. ಸೋಪಿನ ನೀರು ತಗುಲಬಾರದು, ಕೆಂಪಾಗುತ್ತದೆ. ಬೆಳಕಿಗೆ ಬಣ್ಣ ಬೇಗ ಮಾಸುವುದರಿಂದ ಪ್ರದರ್ಶನದ ಹಿಂದಿನ ದಿನವೇ ಕಟ್ಟಬೇಕು. ಸ್ಪಿರಿಟ್‌ಗೆ ಇನ್ನೊಂದು ವಸ್ತು ಸೇರಿಸುತ್ತೇನೆ, ಅದು ನನ್ನಲ್ಲೇ ಇರಲಿ. ಎಳೆಯಲು ತಂದ ಮೀನು ಹಿಡಿಯುವ ನೈಲಾನ್ ದಾರವೂ ಯುವಿಯಲ್ಲಿ ಹೊಳೆದುಬಿಟ್ಟಿತು. ಅದರ ಬದಲು ಚಪ್ಪಲಿ ಹೊಲಿಯುವ ಕಪ್ಪು ದಾರ ಹಾಕಿದೆ.

ಶಬ್ದದ ಒಂದು ವಿಷಯ. ದೇವರಾಯನದುರ್ಗದ ಕಡೆ ರೆಕಾರ್ಡ್ ಮಾಡಿದ ಜೀರುಂಡೆ ಸದ್ದನ್ನು ಕನಸೂರಿನ ದೃಶ್ಯಗಳಲ್ಲೆಲ್ಲ ಸಣ್ಣಗೆ ಬಿಟ್ಟಿರುತ್ತೇವೆ. ಯಾರಿಗೂ ಅದರ ಗಮನವಿರುವುದಿಲ್ಲ. ಸೀಳು ಬಿಡಲು ಶುರುವಾದಾಗ ಅದನ್ನು ನಿಲ್ಲಿಸುತ್ತೇವೆ. ಸಂಗೀತ ಬೇಕೇ ಬೇಕು ಅಂತ ಹಟ ಹಿಡಿದವರು ಆ ನಿಶ್ಶಬ್ದವನ್ನು ಒಮ್ಮೆ ಕೇಳಿಸಿಕೊಂಡ ಮೇಲೆ ಮತ್ತೆ ಮಾತೆತ್ತಲಿಲ್ಲ.

ಬಿರುಕಿನ ಲೆಕ್ಕ ಸುಮಾರು 7,000 ರೂಪಾಯಿ. ರೀಪರ್ ಮತ್ತು ಬಡಗಿ ಕೂಲಿ 1,500, ಲೈಕ್ರಾ ವೆಲ್ವೆಟ್ ಸೇರಿ 3,000, ಟ್ಯೂಬ್‌ಗಳು 1,800, ಉಳಿದದ್ದು ಚಿಲ್ಲರೆ. ಫ್ಯಾನ್ ಮನೆಯದು. ಮುಂಚಿನ ಪ್ರಯೋಗಗಳಿಗೆ ಹೋದದ್ದೂ ಹೆಚ್ಚುಕಡಿಮೆ ಅಷ್ಟೇ.

ಸೀಳು ಪೂರ್ತಿ ಬಿಡಲು ಮುಕ್ಕಾಲು ನಿಮಿಷ ಕೊಡುತ್ತೇನೆ. ಜನರ ಕಣ್ಣು ಅತ್ತ ಇರಲಿ ಅಂತ ಆ ಹೊತ್ತಿಗೆ ರಂಗದ ಇನ್ನೊಂದು ತುದಿಯಲ್ಲಿ ಪಾತ್ರಗಳ ಜಗಳ ನಡೆಯುತ್ತಿರಬೇಕು. ಮೊದಲ ಪ್ರದರ್ಶನದಲ್ಲಿ ಒಬ್ಬರು ನೋಡಿ ಪಕ್ಕದವರಿಗೆ ತೋರಿಸಿ, ಅದು ಸಾಲಿನಿಂದ ಸಾಲಿಗೆ ಹರಡಿದ್ದನ್ನು ಸೈಡ್‌ವಿಂಗ್‌ನಿಂದ ನಾನೇ ನೋಡಿದೆ. "ಏನಪ್ಪಾ, ಬನೀನು ಬಟ್ಟೆ ಸೀಳಿ ಆಕಾಶ ಅಂತೀಯಾ?" ಅಂತ ಕೇಳಿದ್ದ ಹಾರ್ಮೋನಿಯಂ ಮೇಷ್ಟ್ರು ನಾಟಕ ಮುಗಿದ ಮೇಲೆ ಹಿಂದೆ ಬಂದು, ಲೈಟ್ ಹಾಕಿಸಿ, ತಾವೇ ಕೈ ಹಾಕಿ ನೋಡಿ ಹೋದರು.

ಮುಂದಿನದು ತಿಪಟೂರು ಕಡೆ ಬಯಲಿನಲ್ಲಿ. ಗಾಳಿಗೆ ಲೈಕ್ರಾ ಹೇಗೆ ನಿಲ್ಲುತ್ತದೋ ನೋಡಬೇಕು, ಮೂರು ಕಡೆ ತೆಂಗಿನಗರಿ ತಡಿಕೆ ಕಟ್ಟಿಸುವ ಯೋಚನೆ ಇದೆ. ಚೌಕಟ್ಟು ನೋಡಬೇಕೆನ್ನುವ ತಂಡದವರು ರಿಹರ್ಸಲ್‌ಗೆ ಬನ್ನಿ, ಅಳತೆ ತೆಗೆದುಕೊಂಡು ಹೋಗಿ. ಬಾಡಿಗೆಗೆ ಮಾತ್ರ ಕೊಡುವುದಿಲ್ಲ.