ಹವ್ಯಾಸದ ಹುಚ್ಚು ಹಿಡಿದವರ ಜೊತೆ ನನ್ನ ಕ್ಯಾಮೆರಾ

ವಿಚಿತ್ರ ಹವ್ಯಾಸ ಇರುವವರ ಬಗ್ಗೆ ಸಾಕ್ಷ್ಯಚಿತ್ರ ಮಾಡುವುದು ನನ್ನ ಕೆಲಸ. ಹಾಗಂದ ಕೂಡಲೇ "ಅವರಿಗೆಲ್ಲ ಬೇರೆ ಕೆಲಸ ಇಲ್ವಾ?" ಎಂದು ಕೇಳುವವರೇ ಜಾಸ್ತಿ. ನಾನಂತೂ ಅವರನ್ನು "ಯಾಕೆ ಮಾಡ್ತೀರಿ" ಎಂದು ಕೇಳುವುದೇ ಇಲ್ಲ. ಕೇಳಿದರೆ ಕಟಕಟೆಯಲ್ಲಿ ನಿಂತವರ ಥರ ಸಮಜಾಯಿಷಿ ಕೊಡಲು ಶುರುಮಾಡುತ್ತಾರೆ. "ಹೇಗೆ ಮಾಡ್ತೀರಿ, ಸ್ವಲ್ಪ ತೋರಿಸಿ" ಅಂದರೆ ಸಾಕು. ಕೈ ಕೆಲಸಕ್ಕೆ ಇಳಿಯುತ್ತದೆ, ಕ್ಯಾಮೆರಾ ಇರುವುದೇ ಮರೆತುಹೋಗುತ್ತದೆ.

ಪದರಗಳನ್ನು ತಿರುಗಿಸಿ ಒಂದೊಂದು ಬದಿಗೂ ಒಂದೇ ಬಣ್ಣ ಬರುವಂತೆ ಜೋಡಿಸುವ ರೂಬಿಕ್ಸ್ ಕ್ಯೂಬ್ ಸ್ಪರ್ಧೆಯನ್ನೇ ತಗೊಳ್ಳಿ. 1982ರಲ್ಲಿ ಬುಡಾಪೆಸ್ಟ್‌ನಲ್ಲಿ ಮೊದಲ ವಿಶ್ವ ಸ್ಪರ್ಧೆ ಗೆದ್ದ ಹುಡುಗನಿಗೆ ಹಿಡಿದಿದ್ದು 22.95 ಸೆಕೆಂಡು. ಈಗಿನ ದಾಖಲೆ 4 ಸೆಕೆಂಡಿಗೂ ಕಡಿಮೆ. ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿದುಹೋಗುವುದನ್ನು ಏನಂತ ತೋರಿಸುವುದು? ನನಗೆ ಬೇಕಾದ್ದು ಸಿಗುವುದು ಅದಕ್ಕೆ ಮುಂಚಿನ 15 ಸೆಕೆಂಡಿನಲ್ಲಿ. ಕ್ಯೂಬಿನ ಪದರ ತಿರುಗಿಸದೆ ಸುಮ್ನೆ ನೋಡಿ ಲೆಕ್ಕ ಹಾಕಲು ಕೊಡುವ ಸಮಯ ಅದು. ಸ್ಪರ್ಧಿ ಕ್ಯೂಬನ್ನು ಆ ಕಡೆ ಈ ಕಡೆ ವಾಲಿಸುತ್ತಾನೆ. ತುಟಿ ಅಲುಗುತ್ತದೆ. ತೀರ್ಪುಗಾರರು "ಎಂಟು ಸೆಕೆಂಡು" ಎನ್ನುತ್ತಾರೆ, ಆಮೇಲೆ "ಹನ್ನೆರಡು". ಕ್ಯೂಬ್ ಕೆಳಗಿಟ್ಟು ಬೆರಳು ಟೈಮರ್ ಮೇಲೆ. ಹಸಿರು ದೀಪ. ಒಂದು ಕ್ಯಾಮೆರಾ ಪೂರ್ತಿ ಮುಖಕ್ಕೇ ಮೀಸಲು, ಅದನ್ನು ಕೈ ಕಡೆ ತಿರುಗಿಸಲು ಬಿಡುವುದಿಲ್ಲ. ಇನ್ನೊಂದು ವಿಷಯ, ಸಂದರ್ಶನ ಸಭಾಂಗಣದ ಹೊರಗೇ ಮಾಡಬೇಕು. ಒಳಗೆ ಪ್ರತಿಯೊಬ್ಬರ ಕೈಯಲ್ಲೂ ಒಂದು ಕ್ಯೂಬ್ ಕಟಕಟ ಅನ್ನುತ್ತಲೇ ಇರುತ್ತದೆ, ಮಾತು ಕೇಳುವುದಿಲ್ಲ.

ಹ್ಯಾಮ್ ರೇಡಿಯೋದವರದ್ದು, ಅಂದರೆ ಹವ್ಯಾಸಕ್ಕಾಗಿ ಸ್ವಂತ ರೇಡಿಯೋದಲ್ಲಿ ಸಂಪರ್ಕ ಮಾಡುವವರದ್ದು, ಬೇರೆಯೇ ಲೋಕ. ಅವರಲ್ಲಿ ಕೆಲವರು ಚಂದ್ರನಿಗೆ ಸಿಗ್ನಲ್ ಬಿಟ್ಟು, ಅಲ್ಲಿಂದ ಪುಟಿದು ಬಂದಿದ್ದನ್ನು ಹಿಡಿಯುತ್ತಾರೆ. ಹೋಗಿ ಬರಲು ಸುಮಾರು ಎರಡೂವರೆ ಸೆಕೆಂಡು. ಬರುವಾಗ ಎಷ್ಟು ಕ್ಷೀಣವಾಗಿರುತ್ತದೆ ಅಂದರೆ, ಕೊರಕೊರ ಸದ್ದಿನೊಳಗೆ ಕಿವಿ ನೆಟ್ಟು ಹುಡುಕಬೇಕು. ಆ ಎರಡೂವರೆ ಸೆಕೆಂಡನ್ನು ಕತ್ತರಿಸೋಣ, ಪ್ರೇಕ್ಷಕರಿಗೆ ಬೋರಾಗುತ್ತದೆ ಎಂದರು ಸಂಕಲನಕಾರರು. ನಾನು ಒಪ್ಪಲಿಲ್ಲ. ಅದನ್ನೂ ಕತ್ತರಿಸಿದರೆ ಉಳಿಯುವುದೇನು, ಹೆಡ್‌ಫೋನ್ ಹಾಕಿ ಕೂತ ಒಬ್ಬ ಮನುಷ್ಯ, ಅಷ್ಟೇ ಅಲ್ವಾ?

ನಗಿಸುವ ಹಿನ್ನೆಲೆ ಸಂಗೀತವನ್ನು ನಾನು ಹಾಕುವುದಿಲ್ಲ. ನಗು ಬರುವ ಕಡೆ ತಾನಾಗೇ ಬರುತ್ತದೆ, ಅವರೂ ತಮ್ಮ ಬಗ್ಗೆ ಬೇಕಾದಷ್ಟು ನಗುತ್ತಾರೆ.

ಚಿತ್ರ ಪೂರ್ತಿ ಆಗುವ ಮೊದಲು ಅವರಿಗೇ ತೋರಿಸುತ್ತೇನೆ. ಎಲ್ಲ ನಿರ್ದೇಶಕರೂ ಇದನ್ನು ಒಪ್ಪುವುದಿಲ್ಲ. ಕತೆ ಬದಲಿಸಿ ಅಂದರೆ ನಾನೂ ಕೇಳುವುದಿಲ್ಲ, ಮಾಹಿತಿ ತಪ್ಪಿದ್ದರೆ ಮಾತ್ರ ತಿದ್ದುತ್ತೇನೆ. ಅವರೂ ಬಿಡುವವರಲ್ಲ. ಆಂಟೆನಾದ ಅಳತೆ, ಕ್ಯೂಬ್ ಬಿಡಿಸುವ ವಿಧಾನದ ಹೆಸರು, ಎಲ್ಲಕ್ಕೂ ಪಟ್ಟಿ ಹಿಡಿದು ಕೂರುತ್ತಾರೆ. ತಾವು ತೆರೆಯ ಮೇಲೆ ಹೇಗೆ ಕಾಣುತ್ತೇವೆ ಎಂದು ಕೇಳುವವರು ಮಾತ್ರ ಅಪರೂಪ.